ತಡವಾಗಿ ಬಂದ ಹಣಕ್ಕೆ ಬಡ್ಡಿ ಉಂಟೆ?

ಸಾಲ ಕೊಟ್ಟವನು ಬಡ್ಡಿ ಕೇಳಿದರೆ ಲೋಕಕ್ಕೆ ಆಶ್ಚರ್ಯವಾಗುವುದಿಲ್ಲ. ತೆರಿಗೆ ಕಟ್ಟುವುದು ತಡವಾದರೆ ಸರ್ಕಾರವೇ ಬಡ್ಡಿ ಸೇರಿಸಿ ವಸೂಲು ಮಾಡುತ್ತದೆ; ಅದಕ್ಕೂ ಯಾರೂ ಹುಬ್ಬೇರಿಸುವುದಿಲ್ಲ. ಆದರೆ ೩೫ ವರ್ಷ ದುಡಿದು ನಿವೃತ್ತನಾದ ನೌಕರನೊಬ್ಬ, “ನನಗೆ ಬರಬೇಕಾದ ಹಣ ಎರಡು ವರ್ಷ ತಡವಾಯಿತು, ಅದಕ್ಕೆ ಬಡ್ಡಿ ಕೊಡಿ” ಎಂದು ಕೇಳಿದಾಗ ಮಾತ್ರ ಕಚೇರಿಯ ಮಂದಿ ಕನ್ನಡಕವನ್ನು ಹಣೆಗೇರಿಸಿ ಅವನ ಮುಖ ನೋಡುತ್ತಾರೆ. ಕೇಳಬಾರದುದನ್ನು ಕೇಳಿದನೇನೋ ಎಂಬ ಭಾವ ಆ ನೋಟದಲ್ಲಿರುತ್ತದೆ. ಕೇಳಿದವನಿಗೂ ಒಂದು ಬಗೆಯ ಸಂಕೋಚ.

ಈ ಸಂಕೋಚಕ್ಕೆ ಕಾರಣವುಂಟೆ? ನ್ಯಾಯಾಲಯಗಳು ಈ ವಿಷಯದಲ್ಲಿ ಏನು ಹೇಳಿವೆ? ಇದನ್ನು ನನ್ನ ವಿದ್ಯಾರ್ಥಿ ಮಿತ್ರರಿಗೆ ತಿಳಿಸಬೇಕೆಂಬುದೇ ಈ ಲೇಖನದ ಉದ್ದೇಶ. ರಾಜ್ಯಶಾಸ್ತ್ರದ ತರಗತಿಯಲ್ಲಿ ನಾವು ಹಕ್ಕು, ಆಸ್ತಿ, ಸಮಾನತೆ ಎಂಬ ಮಾತುಗಳನ್ನು ಎಷ್ಟೋ ಸಲ ಆಡುತ್ತೇವೆ. ಅವು ಪರೀಕ್ಷೆಯ ಉತ್ತರಪತ್ರಿಕೆಯಲ್ಲಿ ಬರೆದು ಮರೆಯತಕ್ಕ ಮಾತುಗಳಲ್ಲ. ನಮ್ಮ ಕಾಲೇಜಿಗೆ ಬರುವವರಲ್ಲಿ ಶಾಲಾ ಮಾಸ್ತರರ ಮಕ್ಕಳು, ಪೊಲೀಸ್ ಪೇದೆಗಳ ಮಕ್ಕಳು, ಬಸ್ಸಿನ ಕಂಡಕ್ಟರರ ಮಕ್ಕಳು ಬಹಳ ಮಂದಿ ಇದ್ದಾರೆ. ಅವರ ಮನೆಗಳಲ್ಲಿ ಈ ಹಕ್ಕಿನ ಮಾತು ಒಂದಲ್ಲ ಒಂದು ದಿನ ಅಡಿಗೆಮನೆಯ ಮಾತಾಗಿಯೇ ಬರುತ್ತದೆ.

ನಿವೃತ್ತನಿಗೆ ಬರುವುದೇನು?

ಮೊದಲು ಶಬ್ದಗಳನ್ನು ಸ್ಪಷ್ಟಮಾಡಿಕೊಳ್ಳೋಣ. ಹಳೆಯ ಪದ್ಧತಿಯ ಸರ್ಕಾರಿ ನೌಕರನು ನಿವೃತ್ತನಾದಾಗ ಅವನಿಗೆ ಸ್ಥೂಲವಾಗಿ ಐದು ಬಗೆಯ ಹಣ ಬರಬೇಕು. ಒಂದು, ತಿಂಗಳು ತಿಂಗಳೂ ಬರುವ ನಿವೃತ್ತಿ ವೇತನ, ಎಂದರೆ ಪೆನ್ಷನ್. ಎರಡು, ಸಲ್ಲಿಸಿದ ಸೇವೆಯ ಲೆಕ್ಕದ ಮೇಲೆ ಒಂದೇ ಗಂಟಾಗಿ ಬರುವ ಉಪದಾನ. ಇದನ್ನೇ ಜನ ಗ್ರಾಚ್ಯುಯಿಟಿ ಎನ್ನುತ್ತಾರೆ. ಮೂರು, ಪೆನ್ಷನ್ನಿನ ಒಂದು ಭಾಗವನ್ನು ಮುಂಗಡವಾಗಿ ನಗದು ಮಾಡಿಕೊಳ್ಳುವ ಪರಿವರ್ತನೆಯ ಹಣ. ನಾಲ್ಕು, ಉಳಿದ ಗಳಿಕೆ ರಜೆಯ ನಗದೀಕರಣ. ಐದು, ಅವನೇ ತಿಂಗಳು ತಿಂಗಳೂ ಕಟ್ಟಿದ ಭವಿಷ್ಯನಿಧಿ. ಇವುಗಳಲ್ಲಿ ಭವಿಷ್ಯನಿಧಿಗೆ ಬಡ್ಡಿ ಕೂಡುವುದು ಎಲ್ಲರಿಗೂ ಗೊತ್ತು. ಜಗಳವೆಲ್ಲ ಉಳಿದವುಗಳ ಮೇಲೆ, ಅದರಲ್ಲಿಯೂ ಮುಖ್ಯವಾಗಿ ಉಪದಾನದ ಮೇಲೆ.

ಬಡ್ಡಿಯೆಂದರೆ ಮೂಲತಃ ಹಣದ ಬಾಡಿಗೆ. ನನ್ನ ಮನೆಯಲ್ಲಿ ಇನ್ನೊಬ್ಬರು ಎರಡು ವರ್ಷ ವಾಸಮಾಡಿದರೆ ಬಾಡಿಗೆ ಕೊಡಬೇಕಾದುದು ನ್ಯಾಯ. ಹಾಗೆಯೇ ನನ್ನ ೧೦ ಲಕ್ಷ ರೂಪಾಯಿ ಎರಡು ವರ್ಷ ಇನ್ನೊಬ್ಬರ ಕೈಯಲ್ಲಿ ಉಳಿದರೆ? ಶೇಕಡ ೬ರ ಸರಳ ಬಡ್ಡಿಯಲ್ಲಿ ಅದು ೧,೨೦,೦೦೦ ರೂಪಾಯಿ. ಶೇಕಡ ೧೦ರಲ್ಲಿ ೨,೦೦,೦೦೦. ಶೇಕಡ ೧೮ರಲ್ಲಿ ೩,೬೦,೦೦೦. ಈ ಮೊತ್ತ ಎಲ್ಲಿಯೋ ಆಕಾಶದಲ್ಲಿ ಕರಗಿಹೋಗುವುದಿಲ್ಲ. ತಡವಾದಷ್ಟು ಕಾಲ ಒಬ್ಬರ ನಷ್ಟ ಇನ್ನೊಬ್ಬರ ಉಳಿತಾಯವಾಗಿರುತ್ತದೆ. ಆ ನಷ್ಟವನ್ನು ಯಾರು ಹೊರಬೇಕು ಎಂಬುದೇ ಪ್ರಶ್ನೆ.

ದಾನವೋ ಹಕ್ಕೋ?

ಈ ಪ್ರಶ್ನೆಗೆ ಉತ್ತರ ಇನ್ನೊಂದು ಪ್ರಶ್ನೆಯನ್ನು ಅವಲಂಬಿಸಿದೆ. ಪೆನ್ಷನ್ ಪ್ರಭುವಿನ ಕೃಪೆಯೋ, ಅಥವಾ ನೌಕರನ ಹಕ್ಕೋ? ಕೃಪೆಯಾದರೆ ಕೊಟ್ಟಾಗ ಕೈನೀಡಿ ತೆಗೆದುಕೊಳ್ಳಬೇಕು, ತಡವಾಯಿತೆಂದು ಗೊಣಗುವಂತಿಲ್ಲ. ಬ್ರಿಟಿಷರ ಕಾಲದ ದೃಷ್ಟಿ ಹೆಚ್ಚುಕಡಮೆ ಹೀಗೆಯೇ ಇದ್ದಿತು. ೧೮೭೧ರ ಪೆನ್ಷನ್ ಕಾಯ್ದೆಯು ಸರ್ಕಾರ ಕೊಟ್ಟ ಪೆನ್ಷನ್ನಿನ ವಿಷಯವಾಗಿ ಸಿವಿಲ್ ನ್ಯಾಯಾಲಯಗಳಲ್ಲಿ ದಾವೆ ಹೂಡುವುದಕ್ಕೇ ಅಡ್ಡಗೋಡೆ ಹಾಕಿದ್ದಿತು.

ಸ್ವತಂತ್ರ ಭಾರತದಲ್ಲಿ ಆ ದೃಷ್ಟಿ ಒಮ್ಮೆಲೇ ಬದಲಾಗಲಿಲ್ಲ. ೧೯೭೧ರಲ್ಲಿ ಬಿಹಾರದ ಒಬ್ಬ ಶಿಕ್ಷಣ ಇಲಾಖೆಯ ಅಧಿಕಾರಿಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಪೆನ್ಷನ್ ಸರ್ಕಾರದ ಇಷ್ಟದಂತೆ ಕೊಡುವ ದಾನವಲ್ಲ, ನಿಯಮಗಳ ಮೂಲಕ ನೌಕರನಿಗೆ ಹುಟ್ಟುವ ಹಕ್ಕು, ಅದು ಅವನ ಆಸ್ತಿ ಎಂದು ತೀರ್ಪಿತ್ತಿತು. ದೇವಕೀನಂದನ ಪ್ರಸಾದರ ಮೊಕದ್ದಮೆಯೆಂದು ಇದು ಹೆಸರಾಗಿದೆ. ೧೯೮೨ರ ಡಿಸೆಂಬರ್ ೧೭ರಂದು ಐವರು ನ್ಯಾಯಾಧೀಶರ ಪೀಠವು ನಾಕರಾ ಮೊಕದ್ದಮೆಯಲ್ಲಿ ಈ ಮಾತನ್ನು ಇನ್ನೂ ವಿಸ್ತಾರವಾಗಿ ಹೇಳಿತು. ನ್ಯಾಯಮೂರ್ತಿ ಡಿ. ಎ. ದೇಸಾಯಿಯವರು ಬರೆದ ಆ ತೀರ್ಪಿನ ಸಾರವೇನೆಂದರೆ, ಪೆನ್ಷನ್ ಎಂಬುದು ಹಿಂದೆ ಸಲ್ಲಿಸಿದ ಸೇವೆಗೆ ಸಲ್ಲುವ ಪ್ರತಿಫಲ. ದುಡಿಯುವ ಶಕ್ತಿ ಕುಂದಿದ ಕಾಲದಲ್ಲಿ ಮನುಷ್ಯ ಮರ್ಯಾದೆಯಿಂದ ಬದುಕಲೆಂದು ಏರ್ಪಟ್ಟ ಸಾಮಾಜಿಕ ನ್ಯಾಯ. ದೇಶದ ಪೆನ್ಷನ್‌ದಾರರು ಇಂದಿಗೂ ಡಿಸೆಂಬರ್ ೧೭ನ್ನು ತಮ್ಮ ದಿನವೆಂದು ಆಚರಿಸುವುದು ಈ ಕಾರಣದಿಂದಲೇ.

ಮಧ್ಯೆ ಸಂವಿಧಾನದ ೪೪ನೆಯ ತಿದ್ದುಪಡಿಯಿಂದ ಆಸ್ತಿಯ ಹಕ್ಕು ೧೯೭೯ರಲ್ಲಿ ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಗೆ ಹೋಯಿತು. ಆದರೆ ೩೦೦ಎ ಎಂಬ ವಿಧಿಯಲ್ಲಿ, ಕಾನೂನಿನ ಅಧಿಕಾರವಿಲ್ಲದೆ ಯಾರ ಆಸ್ತಿಯನ್ನೂ ಕಸಿಯಕೂಡದೆಂಬ ರಕ್ಷಣೆ ಉಳಿಯಿತು. ೨೦೧೩ರಲ್ಲಿ ಝಾರ್ಖಂಡಿನ ಮೊಕದ್ದಮೆಯೊಂದರಲ್ಲಿ ಸುಪ್ರೀಂ ಕೋರ್ಟು ಈ ವಿಧಿಯನ್ನೇ ಹಿಡಿದು, ನಿಯಮದ ಬಲವಿಲ್ಲದ ಬರಿಯ ಆಡಳಿತ ಸುತ್ತೋಲೆಯಿಂದ ಪೆನ್ಷನ್ನನ್ನಾಗಲಿ ಉಪದಾನವನ್ನಾಗಲಿ ತಡೆಹಿಡಿಯಕೂಡದು ಎಂದಿತು. ನಮ್ಮ ಕರ್ನಾಟಕದ ಅನುದಾನಿತ ಖಾಸಗಿ ಕಾಲೇಜುಗಳ ನಿವೃತ್ತ ಅಧ್ಯಾಪಕರು ಹೂಡಿದ್ದ ಮೊಕದ್ದಮೆಯಲ್ಲಿ, ೨೦೦೬ರಲ್ಲಿ, ಪೆನ್ಷನ್ ಎಂದರೆ ಮುಂದಕ್ಕೆ ಇಟ್ಟ ಸಂಬಳವೆಂದೇ ಅದೇ ನ್ಯಾಯಾಲಯ ಹೇಳಿದೆ. ಸಂಬಳವೆಂದ ಮೇಲೆ ಅದನ್ನು ದಾನವೆನ್ನುವುದು ಹೇಗೆ?

ಹಿಂಬರಹದ ಒಂದು ವಾಕ್ಯ

ತೀರ್ಪುಗಳ ಮಾತು ಹೀಗಿದ್ದರೂ ಮನಸ್ಸುಗಳು ಇನ್ನೂ ಹಳೆಯ ಕಾಲದಲ್ಲಿವೆ ಎಂಬುದನ್ನು ನಾನು ನನ್ನ ಸೋದರಮಾವನ ಪ್ರಸಂಗದಲ್ಲಿ ಕಂಡೆ. ಅವರು ಪ್ರಾಥಮಿಕ ಶಾಲೆಯ ಮುಖ್ಯೋಪಾಧ್ಯಾಯರಾಗಿ ನಿವೃತ್ತರಾದವರು. ತಾತ್ಕಾಲಿಕ ಪೆನ್ಷನ್ ಬರುತ್ತಿದ್ದಿತು. ಉಪದಾನವೂ ಪರಿವರ್ತನೆಯ ಹಣವೂ ಬರಲಿಲ್ಲ. ಎಷ್ಟೋ ವರ್ಷಗಳ ಹಿಂದೆ ಬೇರೆ ತಾಲ್ಲೂಕಿನಲ್ಲಿ ಒಂದು ವರ್ಷ ನಿಯೋಜನೆಯ ಮೇಲೆ ಕೆಲಸ ಮಾಡಿದ್ದರು. ಆ ವರ್ಷದ ಸೇವೆಯನ್ನು ದೃಢೀಕರಿಸುವ ರುಜು ಸೇವಾ ಪುಸ್ತಕದಲ್ಲಿ ಇಲ್ಲವೆಂದು ಆಕ್ಷೇಪಣೆ ಬಂದಿತು. ಆ ರುಜು ಹಾಕಬೇಕಾಗಿದ್ದವರು ತೀರಿಕೊಂಡು ಬಹಳ ಕಾಲವಾಗಿದ್ದಿತು. ಕಡತ ಒಂದು ಕಚೇರಿಯಿಂದ ಇನ್ನೊಂದಕ್ಕೆ ೨೦ ತಿಂಗಳು ಓಡಾಡಿತು. ದೇವರು ವರ ಕೊಟ್ಟರೂ ಪೂಜಾರಿ ಕೊಡನೆಂಬ ಗಾದೆ ಇಂಥ ಸಂದರ್ಭಕ್ಕೇ ಹುಟ್ಟಿರಬೇಕು.

ಅಷ್ಟರಲ್ಲಿ ಮಗಳ ಮದುವೆ ನಿಶ್ಚಯವಾಗಿದ್ದಿತು. ಉಪದಾನದ ಹಣವನ್ನು ನಂಬಿಕೊಂಡಿದ್ದ ಮಾವ, ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ ಬಡ್ಡಿಯಂತೆ ೩ ಲಕ್ಷ ರೂಪಾಯಿ ಕೈಸಾಲ ತಂದರು. ತಿಂಗಳಿಗೆ ೬,೦೦೦ ರೂಪಾಯಿ. ೨೦ ತಿಂಗಳಿಗೆ ೧,೨೦,೦೦೦. ಕೊನೆಗೆ ಸರ್ಕಾರದ ಹಣ ಬಂದಾಗ ಅದರ ಜೊತೆಗೆ ಬಡ್ಡಿಯೆಂದು ಒಂದು ಪೈಸೆಯೂ ಇರಲಿಲ್ಲ.

“ಮಾವ, ಒಂದು ಅರ್ಜಿ ಹಾಕಿ, ಬಡ್ಡಿ ಕೇಳಿ” ಎಂದೆ.

“ಸರ್ಕಾರದ ಅನ್ನ ತಿಂದವನಪ್ಪಾ ನಾನು. ಅದರ ಹತ್ತಿರ ಬಡ್ಡಿ ಕೇಳುವುದೆ?” ಎಂದರು.

“ನೀವು ತಿಂದದ್ದು ನೀವು ಪಾಠ ಹೇಳಿ ಸಂಪಾದಿಸಿದ ಅನ್ನ” ಎಂದೆ. ಅವರು ಆ ದಿನ ಮಾತನಾಡಲಿಲ್ಲ. ಅತ್ತೆಯ ಒತ್ತಾಯದಿಂದ ಆಮೇಲೆ ಒಂದು ಅರ್ಜಿ ಬರೆದು ಕಳುಹಿಸಿದರು. ಕೆಲವು ತಿಂಗಳ ಮೇಲೆ ಒಂದು ಹಿಂಬರಹ ಬಂದಿತು. ಅದರಲ್ಲಿ ಇದ್ದದ್ದು ಒಂದೇ ವಾಕ್ಯ: ಬಡ್ಡಿಯ ಕೋರಿಕೆಯನ್ನು ಪರಿಗಣಿಸಲು ನಿಯಮಗಳಲ್ಲಿ ಅವಕಾಶವಿರುವುದಿಲ್ಲ. ಮಾವನಿಗೆ ಒಂದು ರೀತಿಯಲ್ಲಿ ನೆಮ್ಮದಿಯೇ ಆಯಿತೆಂದು ತೋರುತ್ತದೆ. ನನಗೆ ಆಗಲಿಲ್ಲ. ಈ ಒಂದು ವಾಕ್ಯ ಸರಿಯೆ ಎಂದು ಹುಡುಕುತ್ತ ಹೋದಾಗ ತಿಳಿದ ಸಂಗತಿಗಳನ್ನು ಮುಂದೆ ಹೇಳುತ್ತೇನೆ.

ಎರಡು ಮುಖ್ಯ ತೀರ್ಪುಗಳು

ಕೇರಳದ ಪದ್ಮನಾಭನ್ ನಾಯರ್ ಎಂಬ ಸರ್ಕಾರಿ ನೌಕರರು ೧೯೭೩ರ ಮೇ ತಿಂಗಳಲ್ಲಿ ನಿವೃತ್ತರಾದರು. ಅವರ ಹಣ ಕೈಸೇರಿದ್ದು ೧೯೭೫ರ ಆಗಸ್ಟಿನಲ್ಲಿ, ಎರಡು ವರ್ಷ ಮೂರು ತಿಂಗಳ ಮೇಲೆ. ತಡಕ್ಕೆ ಕಾರಣ, ಖಜಾನೆಯ ಅಧಿಕಾರಿ ಅಂತಿಮ ವೇತನ ಪ್ರಮಾಣ ಪತ್ರವನ್ನು ಕೊಡದಿದ್ದುದು. ನಾಯರ್ ಅವರು ದಾವೆ ಹೂಡಿದರು. ಸರ್ಕಾರವು ಆ ಬಡ್ಡಿಯ ಹಣಕ್ಕಾಗಿ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ೧೯೮೪ರ ಡಿಸೆಂಬರಿನಲ್ಲಿ ಸೋತಿತು. ಆಗ ನ್ಯಾಯಾಲಯ ಹೇಳಿದ ಮಾತು ಬಹಳ ಮುಖ್ಯವಾದುದು. ನೌಕರನು ಯಾವ ದಿನ ನಿವೃತ್ತನಾಗುತ್ತಾನೆಂಬುದು ಬಹಳ ಮೊದಲೇ ಗೊತ್ತಿರುತ್ತದೆ. ಆದುದರಿಂದ ಬೇಕಾದ ಪ್ರಮಾಣ ಪತ್ರಗಳನ್ನು ಆ ದಿನಕ್ಕೆ ಒಂದು ವಾರ ಮುಂಚೆಯಾದರೂ ಸಿದ್ಧಪಡಿಸಿಕೊಳ್ಳಬೇಕು. ತಪ್ಪಿನಿಂದ ತಡವಾದರೆ, ನಿವೃತ್ತಿಯಾಗಿ ಎರಡು ತಿಂಗಳು ಕಳೆದಲ್ಲಿಂದ ಪೇಟೆಯಲ್ಲಿ ನಡೆಯುವ ದರದಂತೆ ಬಡ್ಡಿಯ ಹೊಣೆ ಆರಂಭವಾಗುತ್ತದೆ.

ಇದರಲ್ಲಿ ಇನ್ನೊಂದು ಪಾಠವೂ ಉಂಟು. ನಾಯರ್ ಅವರು ಕೇಳಿದ್ದು ಶೇಕಡ ೧೨. ಕೆಳಗಿನ ನ್ಯಾಯಾಲಯ ಕೊಟ್ಟದ್ದು ೬. ಅವರು ಹೈಕೋರ್ಟಿನಲ್ಲಿ ಅದನ್ನು ಪ್ರಶ್ನಿಸದೆ ಸುಮ್ಮನಿದ್ದರು. ಹಾಗೆ ಸುಮ್ಮನಿದ್ದುದರಿಂದ ಈಗ ೧೨ಕ್ಕೆ ಏರಿಸುವುದು ಉಚಿತವಲ್ಲ ಎಂದು ಸುಪ್ರೀಂ ಕೋರ್ಟು ವಿಷಾದದಿಂದಲೇ ಹೇಳಿತು. ಅಳದ ಮಗುವಿಗೆ ಹಾಲಿಲ್ಲವೆಂಬುದು ನ್ಯಾಯಾಲಯದಲ್ಲಿಯೂ ನಿಜ.

ಎರಡನೆಯದು ಹರಿಯಾಣದ ನೀರಾವರಿ ಇಲಾಖೆಯ ಎಸ್. ಕೆ. ದುವಾ ಅವರ ಮೊಕದ್ದಮೆ. ಅವರು ೧೯೯೮ರ ಜೂನ್ ೩೦ರಂದು ನಿವೃತ್ತರಾದರು. ನಿವೃತ್ತಿಯ ಅಂಚಿನಲ್ಲಿ ಅವರ ಮೇಲೆ ಆರೋಪ ಪಟ್ಟಿಗಳು ಬಂದವು. ಆಮೇಲೆ ಆ ಆರೋಪಗಳು ಬಿದ್ದುಹೋದವು. ಹಣ ಬಂದದ್ದು ೨೦೦೨ರಲ್ಲಿ. ಬಡ್ಡಿ ಕೇಳಿದ ಅರ್ಜಿಯನ್ನು ಹೈಕೋರ್ಟು ಪ್ರವೇಶದಲ್ಲಿಯೇ ತಳ್ಳಿಹಾಕಿತು. ೨೦೦೮ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಆ ಆಜ್ಞೆಯನ್ನು ರದ್ದುಮಾಡಿ, ವಿಚಾರಣೆಗೆ ಹಿಂದಕ್ಕೆ ಕಳುಹಿಸಿತು. ಹಾಗೆ ಕಳುಹಿಸುವಾಗ ನಿಯಮವನ್ನು ಹೀಗೆ ವಿವರಿಸಿತು: ಬಡ್ಡಿಯ ವಿಷಯವಾಗಿ ಶಾಸನಬದ್ಧ ನಿಯಮವಿದ್ದರೆ ಅದರಂತೆ ಕೇಳಬಹುದು, ಆಡಳಿತ ಸೂಚನೆಗಳಿದ್ದರೆ ಅವುಗಳಂತೆ ಕೇಳಬಹುದು, ಇವು ಯಾವುವೂ ಇಲ್ಲದಿದ್ದರೂ ಸಂವಿಧಾನದ ೧೪, ೧೯ ಮತ್ತು ೨೧ನೆಯ ವಿಧಿಗಳ ಆಧಾರದ ಮೇಲೆಯೇ ಕೇಳಬಹುದು.

ಮಾವನಿಗೆ ಬಂದ ಹಿಂಬರಹಕ್ಕೆ ಉತ್ತರ ಇಲ್ಲಿದೆ. ನಿಯಮಗಳಲ್ಲಿ ಅವಕಾಶವಿಲ್ಲವೆಂಬ ಮಾತನ್ನು ಹಾಗೆಯೇ ಒಪ್ಪಿಕೊಂಡರೂ ಅಲ್ಲಿಗೆ ವಿಷಯ ಮುಗಿಯುವುದಿಲ್ಲ.

ಕಾಯ್ದೆಯೇ ಬಡ್ಡಿ ಹೇಳಿದಾಗ

ಕಾರ್ಖಾನೆ, ನಿಗಮ, ಖಾಸಗಿ ಸಂಸ್ಥೆಗಳ ನೌಕರರ ಸ್ಥಿತಿ ಇದಕ್ಕಿಂತ ಸ್ಪಷ್ಟ. ೧೯೭೨ರ ಉಪದಾನ ಸಂದಾಯ ಕಾಯ್ದೆಯಂತೆ, ಸಲ್ಲಬೇಕಾದ ದಿನದಿಂದ ೩೦ ದಿನಗಳೊಳಗೆ ಉಪದಾನವನ್ನು ಕೊಡಬೇಕು. ೧೯೮೭ರಲ್ಲಿ ಬಂದ ತಿದ್ದುಪಡಿಯು, ಹಾಗೆ ಕೊಡದಿದ್ದರೆ ಸರಳ ಬಡ್ಡಿ ಸೇರಿಸಿ ಕೊಡಬೇಕೆಂದು ವಿಧಿಸಿತು. ದರವನ್ನು ಶೇಕಡ ೧೦ ಎಂದು ಗೊತ್ತುಮಾಡಲಾಯಿತು. ನೌಕರನ ತಪ್ಪಿನಿಂದಲೇ ತಡವಾಗಿದ್ದು, ಅದಕ್ಕಾಗಿ ಮಾಲೀಕನು ನಿಯಂತ್ರಣ ಪ್ರಾಧಿಕಾರದಿಂದ ಲಿಖಿತ ಅನುಮತಿ ಪಡೆದಿದ್ದರೆ ಮಾತ್ರ ಬಡ್ಡಿಯಿಲ್ಲ. ನಮ್ಮ ರಾಜ್ಯದ ಒಂದು ಸರ್ಕಾರಿ ನಿಗಮದ ನೌಕರರಿಗೆ ಉಪದಾನ ಕೊಡಿಸಿದರೂ ಬಡ್ಡಿ ಬೇಡವೆಂದು ಹೈಕೋರ್ಟು ಹೇಳಿದ್ದಾಗ, ಸುಪ್ರೀಂ ಕೋರ್ಟು ೨೦೦೩ರಲ್ಲಿ ಅದನ್ನು ತಿದ್ದಿ, ಈ ಬಡ್ಡಿ ಕಡ್ಡಾಯ, ಅದನ್ನು ನಿರಾಕರಿಸುವ ವಿವೇಚನೆ ಇಲ್ಲ ಎಂದು ಶೇಕಡ ೧೦ರಂತೆ ಕೊಡಿಸಿತು. ೨೦೨೫ರ ನವೆಂಬರ್ ೨೧ರಿಂದ ಆ ಕಾಯ್ದೆಯ ಸ್ಥಾನಕ್ಕೆ ೨೦೨೦ರ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. ೩೦ ದಿನದ ಗಡುವೂ ಬಡ್ಡಿಯ ಹೊಣೆಯೂ ಅದರಲ್ಲಿಯೂ ಉಳಿದಿವೆ.

ಖಾಸಗಿ ಶಾಲೆಗಳ ಉಪಾಧ್ಯಾಯರು ಆ ಕಾಯ್ದೆಯ ಅರ್ಥದಲ್ಲಿ ನೌಕರರೇ ಅಲ್ಲವೆಂದು ೨೦೦೪ರಲ್ಲಿ ತೀರ್ಪಾಗಿದ್ದಿತು. ಸಂಸತ್ತು ೨೦೦೯ರಲ್ಲಿ ಕಾಯ್ದೆಯನ್ನು ತಿದ್ದಿ, ೧೯೯೭ರ ಏಪ್ರಿಲ್ ೩ರಿಂದಲೇ ಅನ್ವಯವಾಗುವಂತೆ ಅವರನ್ನು ಸೇರಿಸಿತು. ಆ ತಿದ್ದುಪಡಿಯನ್ನು ಸುಪ್ರೀಂ ಕೋರ್ಟು ೨೦೨೨ರಲ್ಲಿ ಎತ್ತಿಹಿಡಿಯಿತು. ಮುಂದೆ ಖಾಸಗಿ ಶಾಲೆಗಳಲ್ಲಿ ಪಾಠ ಹೇಳಬೇಕೆಂದಿರುವವರು ಇದನ್ನು ನೆನಪಿಡತಕ್ಕದ್ದು.

ಕೇಂದ್ರ ಸರ್ಕಾರದ ನೌಕರರಿಗೆ ಈ ಕಾಯ್ದೆಯಲ್ಲ, ಅವರದೇ ಪೆನ್ಷನ್ ನಿಯಮಗಳು ಅನ್ವಯಿಸುತ್ತವೆ. ಆಡಳಿತದ ಲೋಪದಿಂದ ಉಪದಾನವು ಮೂರು ತಿಂಗಳಿಗಿಂತ ತಡವಾದರೆ ಭವಿಷ್ಯನಿಧಿಯ ದರದಂತೆ ಬಡ್ಡಿ ಕೊಡಬೇಕೆಂದು ಅಲ್ಲಿ ಇದೆ. ಅಷ್ಟೇ ಅಲ್ಲ, ತಡಕ್ಕೆ ಕಾರಣನಾದ ನೌಕರನನ್ನು ಗುರುತಿಸಿ ಅವನ ಮೇಲೆ ಶಿಸ್ತಿನ ಕ್ರಮ ಕೈಗೊಳ್ಳಬೇಕೆಂದೂ ಇದೆ.

ಇನ್ನೊಂದು ಪಕ್ಷ

ಸರ್ಕಾರದ ಪಕ್ಷದಲ್ಲಿಯೂ ನ್ಯಾಯವಿಲ್ಲದೆ ಇಲ್ಲ. ಹಣ ದುರುಪಯೋಗ ಮಾಡಿದವನು ನಿವೃತ್ತನಾದ ಮಾತ್ರಕ್ಕೆ ಗಂಟು ಕಟ್ಟಿಕೊಂಡು ಹೋಗುವಂತಾಗಬಾರದು. ಆದುದರಿಂದ ಇಲಾಖಾ ವಿಚಾರಣೆಯಾಗಲಿ ನ್ಯಾಯಾಲಯದ ವಿಚಾರಣೆಯಾಗಲಿ ನಡೆಯುತ್ತಿದ್ದರೆ ಉಪದಾನವನ್ನು ತಡೆಹಿಡಿಯಲು ನಿಯಮಗಳಲ್ಲಿ ಅವಕಾಶವಿದೆ. ಆದರೆ ಆ ವಿಚಾರಣೆಯಲ್ಲಿ ನೌಕರನು ಪೂರ್ಣವಾಗಿ ನಿರ್ದೋಷಿಯೆಂದಾದರೆ? ಕೇಂದ್ರದ ನಿಯಮದಂತೆ, ಅವನ ಉಪದಾನ ನಿವೃತ್ತಿಯ ಮರುದಿನವೇ ಸಲ್ಲಬೇಕಾಗಿದ್ದಿತೆಂದು ಭಾವಿಸಿ ಬಡ್ಡಿಯ ಲೆಕ್ಕ ಹಾಕಬೇಕು. ಪೂರ್ಣ ನಿರ್ದೋಷಿಯಾಗದಿದ್ದರೆ, ಅಂತಿಮ ಆಜ್ಞೆಯ ದಿನದಿಂದ ಮಾತ್ರ.

ಸರ್ಕಾರಿ ವಸತಿಗೃಹವನ್ನು ಬಿಡದಿರುವುದೂ ಜಗಳದ ಇನ್ನೊಂದು ಮೂಲ. ೧೯೯೪ರಲ್ಲಿ ಸುಪ್ರೀಂ ಕೋರ್ಟು, ಮನೆಯ ನಷ್ಟ ಪರಿಹಾರದ ತಗಾದೆ ಇದೆಯೆಂಬ ಮಾತ್ರಕ್ಕೆ ಉಪದಾನವನ್ನು ಹಿಡಿದಿಡಕೂಡದೆಂದು ಹೇಳಿ ಶೇಕಡ ೧೮ರ ಬಡ್ಡಿ ಕೊಡಿಸಿತು. ಆದರೆ ೨೦೦೫ರಲ್ಲಿ ಒಂದು ಕೇಂದ್ರ ನಿಗಮದ ಪ್ರಸಂಗದಲ್ಲಿ, ಅದರ ನಿಯಮಗಳಲ್ಲಿಯೇ ಅವಕಾಶವಿದ್ದುದರಿಂದ, ಅವಧಿ ಮೀರಿ ವಾಸವಾಗಿದ್ದವರ ದಂಡದ ಬಾಡಿಗೆಯನ್ನು ಉಪದಾನದಲ್ಲಿ ಕಳೆದದ್ದನ್ನು ಸರಿಯೆಂದಿತು. ನೌಕರನೂ ತನ್ನ ಕರ್ತವ್ಯವನ್ನು ಸಲ್ಲಿಸಿರಬೇಕೆಂಬುದು ಇದರಿಂದ ಸ್ಪಷ್ಟ.

ಇನ್ನು ದರದ ಮಾತು. ಶೇಕಡ ೬ರಿಂದ ೧೮ರವರೆಗೆ ಬೇರೆ ಬೇರೆ ತೀರ್ಪುಗಳಲ್ಲಿ ಬೇರೆ ಬೇರೆ ದರ ಕಾಣುತ್ತದೆ. ಕೊರೋನಾ ಕಾಲದಲ್ಲಿ, ೨೦೨೦ರಲ್ಲಿ, ಆಂಧ್ರಪ್ರದೇಶ ಸರ್ಕಾರವು ಸಂಬಳ ಪೆನ್ಷನ್ನುಗಳ ಒಂದು ಭಾಗವನ್ನು ಮುಂದಕ್ಕೆ ಹಾಕಿತು. ಹೈಕೋರ್ಟು ಶೇಕಡ ೧೨ರ ಬಡ್ಡಿ ವಿಧಿಸಿತು. ೨೦೨೧ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು ಅದನ್ನು ೬ಕ್ಕೆ ಇಳಿಸಿತು. ಬಡ್ಡಿ ಸರ್ಕಾರವನ್ನು ದಂಡಿಸುವುದಕ್ಕಲ್ಲ, ಹಣ ಕೈಗೆ ಬಾರದೆ ಆದ ನಷ್ಟವನ್ನು ತುಂಬುವುದಕ್ಕೆ ಎಂಬುದು ಅದರ ವಿಚಾರ. ೧೯೮೪ರ ತೀರ್ಪಿನಲ್ಲಿ ಅದೇ ನ್ಯಾಯಾಲಯ ಬಡ್ಡಿಯನ್ನು ದಂಡವೆಂದೇ ಕರೆದಿದ್ದಿತು. ಈ ಎರಡು ದೃಷ್ಟಿಗಳೂ ಇಂದಿಗೂ ಜೊತೆಜೊತೆಯಾಗಿಯೇ ಇವೆ. ನನ್ನ ಅಭಿಪ್ರಾಯದಲ್ಲಿ, ನಷ್ಟ ತುಂಬುವುದೇ ಗುರಿಯಾದರೆ ಹಳ್ಳಿಯ ನಿವೃತ್ತನು ಕೈಸಾಲಕ್ಕೆ ತೆತ್ತ ಬಡ್ಡಿಯ ಕಡೆಗೂ ಸ್ವಲ್ಪ ಕಣ್ಣು ಹಾಯಿಸಬೇಕು. ಖಜಾನೆಗೆ ೬ ಎಂಬುದು ಅವನಿಗೆ ೨೪ ಆಗಿರುತ್ತದೆ.

ಮಾಡತಕ್ಕದ್ದೇನು?

ಮನೆಯಲ್ಲಿ ನಿವೃತ್ತಿಯ ದಿನ ಹತ್ತಿರವಾಗಿರುವವರು ಇದ್ದರೆ, ಒಂದೆರಡು ವರ್ಷ ಮೊದಲೇ ಸೇವಾ ಪುಸ್ತಕವನ್ನು ನೋಡಿ, ಎಲ್ಲ ವರ್ಷಗಳ ದೃಢೀಕರಣವೂ ಇದೆಯೆ ಎಂದು ಪರೀಕ್ಷಿಸಿಕೊಳ್ಳಲು ಹೇಳಿ. ಪೆನ್ಷನ್ ಕಾಗದಗಳನ್ನು ಸಲ್ಲಿಸಿದ ದಿನದ ರಸೀತಿ ಇರಲಿ. ಹಣ ತಡವಾದರೆ, ನಿವೃತ್ತಿಯ ದಿನ, ಹಣ ಬಂದ ದಿನ, ತಡಕ್ಕೆ ಕಾರಣ ಇವುಗಳನ್ನು ನಮೂದಿಸಿ, ಬಡ್ಡಿಯನ್ನು ಸ್ಪಷ್ಟವಾಗಿ ಕೇಳಿ ಅರ್ಜಿ ಹಾಕಬೇಕು. ಕರ್ನಾಟಕ ಸರ್ಕಾರದ ನೌಕರರು ಅಲ್ಲಿಂದ ಮುಂದೆ ಹೋಗಬೇಕಾದುದು ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅರ್ಜಿಗೆ ಆರು ತಿಂಗಳು ಉತ್ತರ ಬಾರದಿದ್ದರೆ, ಆ ಆರು ತಿಂಗಳು ಕಳೆದಲ್ಲಿಂದ ಒಂದು ವರ್ಷದೊಳಗೆ ಹೋಗಬೇಕು. ನಿರಾಕರಿಸಿದ ಉತ್ತರ ಬಂದರೆ ಅದರ ದಿನದಿಂದ ಒಂದು ವರ್ಷ. ಮೇಲಿಂದ ಮೇಲೆ ಅರ್ಜಿ ಹಾಕುತ್ತ ಕೂತರೆ ಈ ಅವಧಿ ಬೆಳೆಯುವುದಿಲ್ಲ. ಬಹುಮಂದಿ ಸೋಲುವುದು ಈ ಒಂದು ಸ್ಥಳದಲ್ಲಿಯೇ.

ಮಾವ ಈಗ ತೀರ್ಪುಗಳ ಹೆಸರು ಬರೆದ ಎರಡನೆಯ ಅರ್ಜಿಗೆ ರುಜು ಹಾಕಿದ್ದಾರೆ. ಹಿಂಬರಹ ಬಂದ ದಿನಾಂಕವನ್ನು ಅತ್ತೆ ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಮಾಡಿಟ್ಟಿದ್ದಾರೆ. ವರ್ಷ ತುಂಬುವುದರೊಳಗೆ ನ್ಯಾಯಮಂಡಳಿಗೆ ಹೋಗಬೇಕೆಂಬುದು ಆ ಮನೆಯಲ್ಲಿ ಅವರಿಗೇ ಹೆಚ್ಚು ಚೆನ್ನಾಗಿ ತಿಳಿದಿದೆ.

ಕೊನೆಯದಾಗಿ ಒಂದು ಮಾತು. ಈ ಪುಟಗಳನ್ನು ಓದುತ್ತಿರುವ ವಿದ್ಯಾರ್ಥಿಗಳಲ್ಲಿ ಹಲವರು ಸ್ಪರ್ಧಾ ಪರೀಕ್ಷೆಗಳಿಗೆ ಸಿದ್ಧರಾಗುತ್ತಿದ್ದೀರಿ. ನಾಳೆ ನಿಮ್ಮಲ್ಲಿ ಕೆಲವರು ಮೇಜಿನ ಆಚೆಯ ಕುರ್ಚಿಯಲ್ಲಿ ಕೂರುವಿರಿ. ಯಾರದೋ ಸೇವಾ ಪುಸ್ತಕ ನಿಮ್ಮ ಮುಂದೆ ಬರುತ್ತದೆ. ಅದರಲ್ಲಿ ರುಜು ಹಾಕಬೇಕಾದ ಸ್ಥಳವನ್ನು ಇವತ್ತು ಬಿಟ್ಟರೆ, ೩೦ ವರ್ಷಗಳ ಮೇಲೆ ನೀವು ಹೆಸರೂ ಅರಿಯದ ಒಂದು ಮನೆಯಲ್ಲಿ ಯಾರೋ ಸಾಲಗಾರನ ಬಾಗಿಲಿಗೆ ಹೋಗಬೇಕಾಗುತ್ತದೆ. ನ್ಯಾಯಾಲಯಗಳು ಬಡ್ಡಿ ಕೊಡಿಸಬಲ್ಲವು. ಹೋದ ಕಾಲವನ್ನು ಕೊಡಿಸಲಾರವು. ಆ ರುಜುವನ್ನು ಅದೇ ದಿನ ಹಾಕಿ.